ಜೂನ್ ಹದಿನೈದನ್ನು ವಾಪಸ್ ಪಡೆಯುವ ಬಗ್ಗೆ

ಮೇಲ್ಬೆಟ್ಟದ ರಸ್ತೆಗೆ ಪರವಾನಗಿ ಕೊಡುವ ಕಚೇರಿಯ ಮುಖ್ಯಾಧಿಕಾರಿಗಳಿಗೆ, ಊರಿನವರೆಲ್ಲರ ಎದುರಿಗೇ ಬರೆದ ಪತ್ರ

ಮಾನ್ಯರೇ,

ಇವತ್ತು ಮೇ ಇಪ್ಪತ್ತಮೂರು. ಬೆಟ್ಟದ ಮೇಲೆ ಹೂವು ಅರಳಿದೆ, ಬೆಟ್ಟದ ಬುಡದಲ್ಲಿ ನಿಮ್ಮ ಗೇಟು ಮುಚ್ಚಿದೆ. ಆ ಗೇಟಿನ ಈಚೆ ಬದಿಯಲ್ಲಿ, ಒಂದು ಹಳೇ ಲಾರಿಯ ಪಕ್ಕದಲ್ಲಿ, ಇಪ್ಪತ್ತೊಂಬತ್ತು ಜೇನುಪೆಟ್ಟಿಗೆಗಳು ಕಾಯುತ್ತಿವೆ. ನಿಮ್ಮ ನಿಯಮದ ಪ್ರಕಾರ ಗೇಟು ತೆರೆಯುವುದು ಜೂನ್ ಹದಿನೈದಕ್ಕೆ. ಹೂವಿನ ಪ್ರಕಾರ ಮೇಲಿನ ಹುಲ್ಲುಗಾವಲಿನ ಊಟ ಮುಗಿಯುವುದು ಜೂನ್ ಹದಿನಾಲ್ಕಕ್ಕೆ. ಎಲೆ ಎತ್ತಿದ ಮೇಲೆ ಅತಿಥಿಗಳನ್ನು ಒಳಗೆ ಬಿಡುವ ಈ ಪದ್ಧತಿ ಎಲ್ಲಿಂದ ಬಂತು ಎಂದು ನಾನು ಒಂದು ವರ್ಷದಿಂದ ಹುಡುಕುತ್ತಿದ್ದೆ. ಹುಡುಕಿದ್ದು ಸಿಕ್ಕಿದೆ. ಅದನ್ನು ನಿಮಗೆ ತಿಳಿಸಲೆಂದೇ ಈ ಪತ್ರ. ದಯವಿಟ್ಟು ಕುಳಿತು ಓದಿ. ನಿಂತು ಓದಿದರೆ ಬೀಳುವ ಸಂಭವವಿದೆ.

ಮೊದಲು ನಮ್ಮ ಕೆಲಸ ಏನೆಂದು ಹೇಳಿಬಿಡುತ್ತೇನೆ. ಯಾಕೆಂದರೆ ನಿಮ್ಮ ಅರ್ಜಿ ನಮೂನೆಯಲ್ಲಿ ನಾವು 'ಇತರೆ ವಾಹನ' ಎಂಬ ಜಾಗದಲ್ಲಿ ಬರುತ್ತೇವೆ. ನಾವು ಜೇನು ಸಾಕುವವರು, ಅದರಲ್ಲೂ ಒಂದೇ ಕಡೆ ಕೂತು ಸಾಕುವವರಲ್ಲ. ಏಪ್ರಿಲಿನಲ್ಲಿ ಕೆಳಗಿನ ಹಣ್ಣಿನ ತೋಟಗಳು ಹೂ ಬಿಡುತ್ತವೆ, ಆಗ ಪೆಟ್ಟಿಗೆಗಳು ಅಲ್ಲಿರುತ್ತವೆ. ತೋಟದ ಹೂವು ಉದುರುವ ಹೊತ್ತಿಗೆ ನಡುಬೆಟ್ಟದ ಕಾಡು ಅರಳುತ್ತದೆ, ಪೆಟ್ಟಿಗೆಗಳು ಅಲ್ಲಿಗೆ ಹತ್ತುತ್ತವೆ. ಕಾಡು ಮುಗಿಯಿತು ಎನ್ನುವಾಗ ಹಿಮ ಕರಗಿದ ಮೇಲಿನ ಹುಲ್ಲುಗಾವಲು ಬಣ್ಣ ತಿರುಗುತ್ತದೆ. ನಿಮಗೆಲ್ಲ ವರ್ಷಕ್ಕೆ ಒಂದೇ ವಸಂತ, ನಮಗೆ ಮೂರು. ಸಂಜೆ ಹುಳಗಳೆಲ್ಲ ಮನೆ ಸೇರಿದ ಮೇಲೆ ಪೆಟ್ಟಿಗೆಯ ಬಾಯಿಗೆ ಜಾಲರಿ ಬಡಿದು, ಬೆಳಗಿನ ತಂಪಿನಲ್ಲಿ ಲಾರಿ ಹತ್ತಿಸಿ, ವಸಂತದ ಬೆನ್ನು ಹತ್ತಿ ಹೋಗುವುದೇ ನಮ್ಮ ಕಸುಬು. ನನ್ನ ಗಂಡ ಲಾರಿ ಓಡಿಸುತ್ತಾರೆ, ನಾನು ಪಕ್ಕದಲ್ಲಿ ಕೂತು "ನಿಧಾನ, ನಿಧಾನ" ಅನ್ನುತ್ತೇನೆ. ಇಪ್ಪತ್ತು ವರ್ಷದಿಂದ ನಮ್ಮ ಸಂಸಾರ ಹೀಗೇ ಸುಗಮವಾಗಿ ಸಾಗಿದೆ.

ಈ ಮೂರನೇ ವಸಂತಕ್ಕೂ ನಮಗೂ ನಡುವೆ ಇರುವುದು ನಿಮ್ಮ ಗೇಟು. ಅದು ಯಾಕಿದೆ ಎಂಬುದು ನನಗೆ ಗೊತ್ತು. ಚಳಿಗಾಲದಲ್ಲಿ ಮೇಲಿನ ಹನ್ನೊಂದು ಕಿಲೋಮೀಟರ್ ರಸ್ತೆಯ ಮೇಲೆ ಹಿಮ ಬೀಳುತ್ತದೆ, ಹಿಮ ಜಾರಿದರೆ ಜನ ಸಾಯುತ್ತಾರೆ, ಆದ್ದರಿಂದ ವಾಹನಗಳನ್ನು ಬಿಡಬಾರದು. ನೂರಕ್ಕೆ ನೂರು ಸರಿ. ಆದರೆ ಮಾನ್ಯರೇ, ಈ ವರ್ಷ ಆ ರಸ್ತೆಯ ಕೊನೆಯ ಹಿಮ ಕರಗಿದ್ದು ಏಪ್ರಿಲ್ ಕೊನೆಯ ವಾರದಲ್ಲಿ. ಈಗ ಅಲ್ಲಿ ಧೂಳೇಳುತ್ತಿದೆ. 'ಎಚ್ಚರಿಕೆ, ಮುಂದೆ ಹಿಮವಿದೆ' ಎಂಬ ನಿಮ್ಮ ಫಲಕದ ಮೇಲೆ ಕೂಡ ಧೂಳು ಕೂತಿದೆ. ಮೊನ್ನೆ ಗೇಟು ಕಾಯುವವರು ಅದನ್ನು ಒದ್ದೆ ಬಟ್ಟೆಯಿಂದ ಒರೆಸುತ್ತಿದ್ದರು. "ಯಾಕಣ್ಣಾ ಒರೆಸ್ತಿದ್ದೀರಾ?" ಅಂದೆ. "ಹಿಮ ಅಂತೂ ಕಾಣಲ್ಲ, ಅಕ್ಷರನಾದ್ರೂ ಕಾಣ್ಲಿ ಅಂತ" ಅಂದರು. ಇಂಥ ಸಿಬ್ಬಂದಿ ಇರುವ ನೀವು ಪುಣ್ಯವಂತರು.

ಕಳೆದ ವರ್ಷದ ಕಥೆಗೆ ಬರುತ್ತೇನೆ. ಆ ವರ್ಷವೂ ಹೂವು ಮೇ ಕೊನೆಗೇ ಅರಳಿತು. ನಾವು ಸಭ್ಯ ನಾಗರಿಕರಂತೆ ಜೂನ್ ಹದಿನೈದರವರೆಗೆ ಗೇಟಿನ ಮುಂದೆ ಕೂತೆವು, ಹಸಿದ ಹುಳಗಳಿಗೆ ಸಕ್ಕರೆ ಪಾಕ ಕುಡಿಸಿಕೊಂಡು. ಹದಿನೈದರ ಬೆಳಗ್ಗೆ ನಲವತ್ತು ಪೆಟ್ಟಿಗೆ ಮೇಲಕ್ಕೆ ಒಯ್ದೆವು. ಹುಲ್ಲುಗಾವಲು ತುಂಬ ಬೀಜದ ಗೊಂಚಲು, ಒಣಗಿದ ದಂಟು. ಜಾಲರಿ ತೆಗೆದ ಕೂಡಲೇ ಹುಳಗಳು ಆಸೆಯಿಂದ ಹೊರಗೆ ಹಾರಿ, ಒಂದು ಸುತ್ತು ಹೊಡೆದು, ತಬ್ಬಿಬ್ಬಾಗಿ ವಾಪಸ್ ಬಂದು ನಮ್ಮ ಮುಖದ ಪರದೆಯ ಮೇಲೆ ಕೂತವು. ನಲವತ್ತು ಪೆಟ್ಟಿಗೆಗಳ ಹುಳ ಒಟ್ಟಿಗೆ ನಿಮ್ಮನ್ನು 'ಇದೇನು ಮಾಡಿದಿರಿ' ಎಂಬಂತೆ ನೋಡುವುದನ್ನು ನೀವು ಅನುಭವಿಸಿಲ್ಲ. ಅನುಭವಿಸಬೇಕು.

ಆಮೇಲೆ ಅವು ತಮ್ಮ ದಾರಿ ತಾವೇ ನೋಡಿಕೊಂಡವು. ಅಲ್ಲೇ ಅರ್ಧ ಕಿಲೋಮೀಟರ್ ದೂರದಲ್ಲಿ ನಿಮ್ಮ ಇಲಾಖೆಯದೇ ವಿಶ್ರಾಂತಿ ಗೃಹವಿದೆ. ಆವತ್ತೇ ಬಾಗಿಲು ತೆರೆದಿತ್ತು. ಅಡುಗೆಯವರು ಬರುವ ಪ್ರವಾಸಿಗರಿಗೆಂದು ಎರಡು ದೊಡ್ಡ ಹಂಡೆ ಕೆಂಪು ಹಣ್ಣಿನ ಶರಬತ್ತು ಮಾಡಿಟ್ಟಿದ್ದರು. ಮಧ್ಯಾಹ್ನದ ಹೊತ್ತಿಗೆ ಅಡುಗೆಯವರು ಮೇಜಿನ ಕೆಳಗಿದ್ದರು, ಜೇನುಹುಳಗಳು ಹಂಡೆಯೊಳಗಿದ್ದವು. ಆ ಬೇಸಿಗೆಯಲ್ಲಿ ನಮ್ಮ ಪೆಟ್ಟಿಗೆಯೊಳಗಿನ ಚೌಕಟ್ಟುಗಳಲ್ಲಿ ಸಿಕ್ಕಿದ ಅಷ್ಟಿಷ್ಟು ಜೇನು ಕೆಂಪಗಿತ್ತು. ಹತ್ತು ದಿನದ ನಂತರ ನಿಮ್ಮ ಕಚೇರಿಯಿಂದ ನನಗೊಂದು ನೋಟಿಸು ಬಂತು: 'ತಮಗೆ ಸೇರಿದ ಕೀಟಗಳು ಇಲಾಖೆಯ ಶರಬತ್ತನ್ನು ಅನಧಿಕೃತವಾಗಿ ಸೇವಿಸಿರುವ ಬಗ್ಗೆ ವಿವರಣೆ ನೀಡತಕ್ಕದ್ದು.' ನಾನು ವಿವರಣೆ ನೀಡಿದೆ. ತಪ್ಪಿತಸ್ಥ ಕೀಟಗಳನ್ನು ಗುರುತಿಸಲು ಅಡುಗೆಯವರು ನಮ್ಮ ಮನೆಗೆ ಬಂದರೆ ಎಲ್ಲರನ್ನೂ ಸಾಲಾಗಿ ನಿಲ್ಲಿಸುವುದಾಗಿ ಬರೆದೆ. ಅದಕ್ಕೆ ಇವತ್ತಿನವರೆಗೂ ಉತ್ತರವಿಲ್ಲ.

ನಗುವ ಭಾಗ ಇಲ್ಲಿಗೆ ಒಂದು ಕ್ಷಣ ನಿಲ್ಲುತ್ತದೆ. ಶರಬತ್ತಿನಿಂದ ಜೇನುಗೂಡು ಚಳಿಗಾಲ ದಾಟುವುದಿಲ್ಲ, ಅದಕ್ಕೆ ಹೂವಿನ ಹುಡಿ ಬೇಕು. ಚಳಿ ಮುಗಿದ ಮೇಲೆ ನಾವು ಮಾಡುವ ಮೊದಲ ಕೆಲಸವೆಂದರೆ ಒಂದೊಂದೇ ಪೆಟ್ಟಿಗೆಗೆ ಕಿವಿಯಿಟ್ಟು ಬೆರಳಿನಿಂದ ಬಡಿಯುವುದು. ಒಳಗೆ ಜೀವವಿದ್ದರೆ 'ಹೂಂ' ಎಂದು ಗುಂಯ್ಗುಡುತ್ತದೆ. ಈ ವರ್ಷ ನಾನು ಬಡಿದ ನಲವತ್ತರಲ್ಲಿ ಹನ್ನೊಂದು ಹೂಂಗುಟ್ಟಲಿಲ್ಲ. ಹನ್ನೊಂದನೆಯದಕ್ಕೆ ನಾನು ಮೂರು ಸಲ ಬಡಿದೆ, ಆಮೇಲೆ ಅಂಗಳದಲ್ಲೇ ಕೂತು ಅತ್ತುಬಿಟ್ಟೆ. ಗಂಡ ಟೀ ತಂದುಕೊಟ್ಟರು. ಅದರಲ್ಲಿ ಸಕ್ಕರೆ ಹಾಕುವುದನ್ನು ಮರೆತಿದ್ದರು, ನಾನು ಹಾಗೇ ಕುಡಿದೆ. ಉಳಿದ ಇಪ್ಪತ್ತೊಂಬತ್ತೂ ಬಡಕಲಾಗಿವೆ. ಈ ಸಲವೂ ಹುಲ್ಲುಗಾವಲು ತಪ್ಪಿದರೆ ಮುಂದಿನ ವರ್ಷ ಬಡಿಯಲು ಪೆಟ್ಟಿಗೆ ಇರುವುದಿಲ್ಲ. ನಾನು ಕೇಳುತ್ತಿರುವುದು ಅಷ್ಟಕ್ಕಾಗಿ.

ಮಾರ್ಚಿನಲ್ಲಿ ನಿಮ್ಮ ಕಚೇರಿಗೆ ಬಂದೆ. ನೀವು ಸಭೆಯಲ್ಲಿದ್ದಿರಿ. 'ಪರ್ವತ ಪ್ರದೇಶದ ಹವಾಮಾನ ಬದಲಾವಣೆ' ಎಂಬ ವಿಷಯದ ಮೇಲೆ ಸಭೆ ಎಂದು ಬಾಗಿಲಲ್ಲಿ ಬರೆದಿತ್ತು, ಆದ್ದರಿಂದ ಕಾಯುವುದಕ್ಕೂ ಒಂಥರಾ ಖುಷಿಯಾಯಿತು. ಮೂರು ಗಂಟೆಯ ನಂತರ ನಿಮ್ಮ ಕಿರಿಯ ಅಧಿಕಾರಿಯೊಬ್ಬರು ಹೊರಗೆ ಬಂದು ನನ್ನ ಅರ್ಜಿ ಓದಿದರು.

"ಗೇಟು ಮುಚ್ಚಿರೋದು ವಾಹನಕ್ಕೆ ಮಾತ್ರ ಅಲ್ವಾ ಅಮ್ಮಾ?" ಅಂದರು.

"ಹೌದು ಸರ್."

"ಹಾಗಾದ್ರೆ ಜೇನುಹುಳಗಳು ಗೇಟಿನ ಮೇಲಿಂದ ಹಾರಿಕೊಂಡು ಹೋಗಬಹುದಲ್ಲ?"

ಮಾನ್ಯರೇ, ಆ ಮನುಷ್ಯ ತಮಾಷೆ ಮಾಡುತ್ತಿರಲಿಲ್ಲ. ಜೇನುಹುಳ ತನ್ನ ಮನೆಯಿಂದ ಎರಡು-ಮೂರು ಕಿಲೋಮೀಟರ್ ಹೋಗಿ ಬರುತ್ತದೆ, ಹುಲ್ಲುಗಾವಲು ಹನ್ನೊಂದು ಕಿಲೋಮೀಟರ್ ದೂರವಿದೆ ಎಂದು ವಿವರಿಸಿದೆ. ಅವರು ಸ್ವಲ್ಪ ಯೋಚಿಸಿ, "ಹೊತ್ಕೊಂಡು ಹೋಗಬಹುದಲ್ಲ?" ಅಂದರು. ಅದನ್ನೂ ಮಾಡಿ ನೋಡಿದ್ದೇವೆ. ಹಿಂದೊಮ್ಮೆ ನನ್ನ ಗಂಡ ಒಂದು ಪೆಟ್ಟಿಗೆಯನ್ನು ಬೆನ್ನಿಗೆ ಕಟ್ಟಿಕೊಂಡು ಹೊರಟು, ಎರಡನೇ ತಿರುವಿನಲ್ಲಿ ಎಡವಿ, ಜಾಲರಿ ಕಿತ್ತುಹೋಗಿ, ಕಾಲಿಗೆ ಬುದ್ಧಿ ಹೇಳಿದರು. ಗೇಟಿಗೆ ವಾಪಸ್ ಬಂದಾಗ ಅವರ ಮುಖ ಎಷ್ಟು ಊದಿತ್ತೆಂದರೆ, ಚಿಕ್ಕಂದಿನಿಂದ ಜೊತೆಗೇ ಆಡಿ ಬೆಳೆದ ಗೇಟು ಕಾಯುವವರೇ ಗುರುತಿನ ಚೀಟಿ ಕೇಳಿದರು.

ಏಪ್ರಿಲಿನಲ್ಲಿ ನಿಮ್ಮ ಲಿಖಿತ ಉತ್ತರ ಬಂತು. ಅದರ ಒಂದು ಸಾಲನ್ನು ನಾನು ಅಡುಗೆಮನೆಯ ಗೋಡೆಗೆ ಅಂಟಿಸಿದ್ದೇನೆ, ಬೇಸರವಾದಾಗ ಓದಿಕೊಳ್ಳಲು: 'ನಿಗದಿತ ದಿನಾಂಕಕ್ಕೆ ಮುಂಚಿತವಾಗಿ ಅರಳುವ ಹೂವುಗಳಿಗೆ ಈ ಕಚೇರಿಯು ಜವಾಬ್ದಾರಿಯಾಗಿರುವುದಿಲ್ಲ.' ಎಷ್ಟು ಚೆಂದದ ಮಾತು! ಹೂವು ಅರ್ಜಿ ಹಾಕಿಕೊಂಡು, ಮಂಜೂರಾತಿ ಪಡೆದು, ಆಮೇಲೆ ಅರಳಬೇಕಿತ್ತು. ಆತುರಗೇಡಿ. ಉತ್ತರದ ಕೊನೆಯಲ್ಲಿ ಇನ್ನೊಂದು ಸಾಲಿತ್ತು: 'ಸದರಿ ದಿನಾಂಕವನ್ನು ದೀರ್ಘಕಾಲದ ವೀಕ್ಷಣೆಯ ಆಧಾರದ ಮೇಲೆ ನಿಗದಿಪಡಿಸಲಾಗಿದೆ.' ಈ ಸಾಲು ಮಾತ್ರ ನನ್ನ ತಲೆಯಲ್ಲಿ ಹುಳ ಬಿಟ್ಟಿತು. ಯಾರ ವೀಕ್ಷಣೆ? ಎಷ್ಟು ದೀರ್ಘ? ಕಳೆದ ವಾರ ಮತ್ತೆ ನಿಮ್ಮ ಕಚೇರಿಗೆ ಬಂದೆ. ಈ ಸಲ ಮೇಲಿನ ಮಹಡಿಗೆ ಹತ್ತದೆ ನೆಲಮಾಳಿಗೆಗೆ ಇಳಿದೆ.

ನೆಲಮಾಳಿಗೆಯಲ್ಲಿ ನಿಮ್ಮ ಹಳೇ ಕಡತಗಳ ಕೋಣೆಯಿದೆ. ಅಲ್ಲೊಬ್ಬರು ಗುಮಾಸ್ತರಿದ್ದಾರೆ, ಈ ವರ್ಷವೇ ನಿವೃತ್ತರಾಗುವವರು. ಇಡೀ ಕಟ್ಟಡದಲ್ಲಿ ನನಗೆ ಕುರ್ಚಿ ಕೊಟ್ಟವರು ಅವರೊಬ್ಬರೇ. "ಜೂನ್ ಹದಿನೈದು ಎಲ್ಲಿಂದ ಬಂತು ಅಂತ ನೋಡಬೇಕಾ? ನನ್ನ ಸರ್ವಿಸಲ್ಲಿ ಯಾರೂ ಕೇಳಿಲ್ಲಮ್ಮ ಇದನ್ನ" ಎಂದು ಕಣ್ಣರಳಿಸಿ, ಏಣಿ ಹತ್ತಿ, ನಾಲ್ಕು ಸಲ ಸೀನಿ, ಕಚೇರಿ ಶುರುವಾದ ವರ್ಷದ ಮೊಟ್ಟಮೊದಲ ರಿಜಿಸ್ಟರ್ ಇಳಿಸಿದರು. ದೀರ್ಘಕಾಲದ ವೀಕ್ಷಣೆಗೆಂದು ನಾನು ನೂರಾರು ಪುಟ ಓದಲು ಸಿದ್ಧಳಾಗಿ ಕನ್ನಡಕ ಒರೆಸಿಕೊಂಡೆ. ಇದ್ದದ್ದು ಎರಡು ಸಾಲು: 'ಜೇನಮ್ಮನವರ ಹೇಳಿಕೆಯ ಮೇರೆಗೆ ಗೇಟು ತೆರೆಯುವ ದಿನಾಂಕ ಜೂನ್ 15. ಮುಂದಿನ ಆದೇಶದವರೆಗೆ ಇದನ್ನೇ ಪಾಲಿಸುವುದು.' ಮುಂದಿನ ಆದೇಶ ಬರಲೇ ಇಲ್ಲ. ನಲವತ್ತಾರು ವರ್ಷವಾಯಿತು.

ಜೇನಮ್ಮ ಎಂದರೆ ಯಾರು ಎಂದು ನೀವು ಕೇಳಬಹುದು. ಊರಿನಲ್ಲಿ ಯಾರನ್ನು ಕೇಳಿದರೂ ಹೇಳುತ್ತಾರೆ. ಜೇನಮ್ಮ ನನ್ನ ಅತ್ತೆ.

ಆವತ್ತು ಮನೆಗೆ ಬಂದು, ಊಟದ ಮೇಜಿನ ಹತ್ತಿರ ಕೂತು ಆ ಎರಡು ಸಾಲನ್ನು ಗಟ್ಟಿಯಾಗಿ ಓದಿದೆ. ಅತ್ತೆಗೆ ಈಗ ಎಪ್ಪತ್ತು, ಕಿವಿ ಚೆನ್ನಾಗಿ ಕೇಳುತ್ತದೆ, ಬೇಕಾದಾಗ ಮಾತ್ರ. ಕೈಯಲ್ಲಿದ್ದ ಚಮಚ ಕೆಳಗಿಟ್ಟು ಪಿಳಿಪಿಳಿ ಕಣ್ಣು ಬಿಟ್ಟರು. ಆಮೇಲೆ ನಗಲು ಶುರು ಮಾಡಿದರು. ಮೊದಲು ಭುಜ ಕುಣಿಯಿತು, ಆಮೇಲೆ ಹೊಟ್ಟೆ, ಕೊನೆಗೆ ಮೇಜಿನ ಮೇಲಿನ ಲೋಟವೂ ಕುಣಿಯಿತು.

"ಅಯ್ಯೋ ದೇವ್ರೇ, ಅದು ನಾನು ಅವನನ್ನ ಸಾಗಹಾಕೋಕೆ ಹೇಳಿದ್ದು ಕಣೇ!"

ಕಥೆ ಹೀಗಿದೆ. ಅತ್ತೆ ಹರೆಯದಲ್ಲಿ ಪ್ರತಿ ವರ್ಷ ಹಿಮ ಕರಗುವಾಗ ದಿನ ಬಿಟ್ಟು ದಿನ ಬೆಟ್ಟ ಹತ್ತುತ್ತಿದ್ದರು. ರಸ್ತೆಯ ಒಂದನೇ ತಿರುವಿನ ಬಂಡೆಯ ಸಂದಿಯಲ್ಲಿ ಒಂದು ಸಣ್ಣ ಹೂವು ಬಿಡುತ್ತದೆ, ನಾವು ಅದನ್ನು ಹಳದಿ ಬಟ್ಟಲು ಅನ್ನುತ್ತೇವೆ. ಅದು ಬಾಯಿ ಬಿಟ್ಟಿತೆಂದರೆ ಇನ್ನು ನಾಲ್ಕು ದಿನಕ್ಕೆ ಮೇಲಿನ ಹುಲ್ಲುಗಾವಲು ಅರಳುತ್ತದೆ. ಅತ್ತೆ ಅದನ್ನು ನೋಡಿ ಇಳಿದು ಬಂದು, ಈಗಿನ ಗೇಟು ಕಾಯುವವರ ತಂದೆಗೆ ಎರಡೇ ಮಾತು ಹೇಳುತ್ತಿದ್ದರು: "ಹೂವು ಅರಳಿದೆ. ಗೇಟು ತೆಗೀರಿ." ಅವರು ತೆಗೆಯುತ್ತಿದ್ದರು. ಅರ್ಜಿಯಿಲ್ಲ, ನಮೂನೆಯಿಲ್ಲ, ಸಭೆಯಿಲ್ಲ.

ಆಮೇಲೆ ನಿಮ್ಮ ಕಚೇರಿ ಬಂತು. ಕಚೇರಿಗೊಂದು ರಿಜಿಸ್ಟರ್ ಬಂತು, ರಿಜಿಸ್ಟರಿನಲ್ಲಿ 'ದಿನಾಂಕ' ಎಂಬ ಖಾಲಿ ಜಾಗವಿತ್ತು. 'ಹೂವು ಅರಳಿದಾಗ' ಎಂದು ಬರೆದರೆ ಆ ಜಾಗ ಸಾಲುತ್ತಿರಲಿಲ್ಲವಂತೆ. ಮೊದಲ ಗುಮಾಸ್ತ ದಿನಾಂಕ ಕೇಳಿಕೊಂಡು ನಮ್ಮ ಮನೆಗೆ ಬಂದ. ಅದು ಜೂನ್ ಒಂಬತ್ತು, ಅತ್ತೆ ತುಂಬು ಬಸುರಿ. ಆವತ್ತು ಬೆಳಗ್ಗೆಯೇ ನೋವು ಶುರುವಾಗಿದೆ, ಸೂಲಗಿತ್ತಿ ನೀರು ಕಾಯಿಸುತ್ತಿದ್ದಾಳೆ, ಬಾಗಿಲಲ್ಲಿ ಇವನು.

"ಅಮ್ಮಾ, ದಿನಾಂಕ ಒಂದು ಹೇಳಿಬಿಡಿ, ಹೋಗ್ತೀನಿ."

"ಈ ವರ್ಷ ನಾನು ಹತ್ತಿಲ್ಲಪ್ಪ, ನೋಡಿಲ್ಲ."

"ಅಂದಾಜು ಹೇಳಿ, ಬರ್ಕೊಳ್ತೀನಿ."

ಅಷ್ಟರಲ್ಲಿ ಇನ್ನೊಂದು ನೋವು ಬಂತು. ಅತ್ತೆ ಬಾಗಿಲ ಚೌಕಟ್ಟು ಹಿಡಿದುಕೊಂಡು ಚೀರಿದರು: "ಹದಿನೈದೂ! ಹದಿನೈದು ಅಂತ ಬರ್ಕೊಂಡು ತೊಲಗು!"

ಅವನು ಬರೆದುಕೊಂಡ. 'ತೊಲಗು' ಎಂಬುದೊಂದನ್ನು ಬಿಟ್ಟು ಉಳಿದದ್ದನ್ನೆಲ್ಲ ಚಾಚೂ ತಪ್ಪದೆ ಬರೆದುಕೊಂಡ. ಆ ಸಂಜೆ ಅತ್ತೆಗೆ ಗಂಡುಮಗು ಹುಟ್ಟಿತು. ಆ ಮಗುವೇ ನನ್ನ ಗಂಡ. ಹೀಗೆ ನಿಮ್ಮ ನಿಯಮವೂ ನನ್ನ ಗಂಡನೂ ಒಂದೇ ದಿನ, ಒಂದೇ ಬಾಗಿಲಲ್ಲಿ, ಒಬ್ಬರೇ ತಾಯಿಗೆ ಹುಟ್ಟಿದವರು. ನನ್ನ ಗಂಡನ ತಲೆಯಲ್ಲಿ ಈಗ ಒಂದು ಕೂದಲೂ ಉಳಿದಿಲ್ಲ. ನಿಮ್ಮ ನಿಯಮದಲ್ಲಿ ಒಂದು ಅಕ್ಷರವೂ ಉದುರಿಲ್ಲ.

"ಆ ವರ್ಷ ಹೂವು ಯಾವತ್ತು ಅರಳಿತ್ತು ಅತ್ತೆ?" ಎಂದು ಕೇಳಿದೆ.

"ನನಗೇನು ಗೊತ್ತು? ನಾನು ಬಾಣಂತಿ. ಕಾಲು ಗಟ್ಟಿ ಇರೋ ತನಕ ಬೆಟ್ಟ ಹತ್ತದೇ ಇದ್ದಿದ್ದು ಅದೊಂದೇ ವರ್ಷ."

ಗಮನಿಸಿ ಮಾನ್ಯರೇ. ಆ ಕಾಲದಲ್ಲಿ ಯಾರೂ ಹೂವನ್ನು ನೋಡದ ಒಂದೇ ಒಂದು ವರ್ಷವಿತ್ತು. ನಿಮ್ಮ ದೀರ್ಘಕಾಲದ ವೀಕ್ಷಣೆ ಆ ವರ್ಷದ್ದು.

ಇಷ್ಟು ವರ್ಷ ಯಾಕೆ ಬಾಯಿ ಬಿಡಲಿಲ್ಲ ಎಂದು ಅತ್ತೆಯನ್ನು ತರಾಟೆಗೆ ತೆಗೆದುಕೊಂಡೆ. ಮೊದಲ ಇಪ್ಪತ್ತು ವರ್ಷ ಹೂವು ಎರಡು ದಿನ ಆಚೆ, ಎರಡು ದಿನ ಈಚೆ ಹದಿನೈದರ ಸುತ್ತಮುತ್ತಲೇ ಅರಳುತ್ತಿತ್ತಂತೆ. "ಕಚೇರಿಯೋರ ಹತ್ರ ಯಂತ್ರ ಇರತ್ತೆ, ಲೆಕ್ಕ ಹಾಕಿ ಇಟ್ಟಿದ್ದಾರೆ ಅಂದ್ಕೊಂಡೆ. ನನ್ನ ಮಾತನ್ನೇ ಹಿಡ್ಕೊಂಡು ಕೂತಿದ್ದಾರೆ ಅಂತ ಯಾರಿಗೆ ಗೊತ್ತು?" ಅಂದರು. ಅತ್ತ ನೀವು, ಹಳಬರು ನೋಡಿ ಹೇಳಿದ್ದಾರೆ ಎಂದು ಸುಮ್ಮನಿದ್ದಿರಿ. ಇತ್ತ ಇವರು, ಓದಿದವರು ಅಳೆದು ಇಟ್ಟಿದ್ದಾರೆ ಎಂದು ಸುಮ್ಮನಿದ್ದರು. ಒಬ್ಬರ ಮೇಲೊಬ್ಬರಿಗೆ ಇಷ್ಟೊಂದು ನಂಬಿಕೆ ಇರುವಾಗ ಬೆಟ್ಟದ ಕಡೆ ತಲೆಯೆತ್ತಿ ನೋಡುವ ಗೋಜಿಗೆ ಯಾರು ಹೋಗುತ್ತಾರೆ? ಅಷ್ಟರಲ್ಲಿ ಬೆಟ್ಟ ಬದಲಾಯಿತು. ಹಿಮ ತೆಳ್ಳಗಾಯಿತು, ಬೇಗ ಕರಗಿತು, ಹೂವು ಒಂದೊಂದೇ ದಿನ ಹಿಂದಕ್ಕೆ ಸರಿದು ಸರಿದು ಜೂನ್ ದಾಟಿ ಮೇ ತಿಂಗಳಿಗೆ ಬಂದು ಕೂತಿತು.

ದಿನ ಮಾತ್ರವಲ್ಲ, ಹೂವು ಜಾಗವನ್ನೂ ಬದಲಾಯಿಸಿದೆ. ಅತ್ತೆಯ ಕಾಲದಲ್ಲಿ ಒಂದನೇ ತಿರುವಿನಲ್ಲಿದ್ದ ಹಳದಿ ಬಟ್ಟಲು ನಾನು ಮದುವೆಯಾಗಿ ಬಂದಾಗ ಮೂರನೇ ತಿರುವಿನಲ್ಲಿತ್ತು. ಈಗ ಐದನೇ ತಿರುವಿಗೆ ಹೋಗದೆ ಕಾಣುವುದಿಲ್ಲ. ಕೆಳಗೆ ಸೆಕೆ ತಡೆಯಲಾಗದೆ ಅದು ತಂಪು ಹುಡುಕಿಕೊಂಡು ಮೇಲೇರುತ್ತಿದೆ. ನಿಮ್ಮ ಇಲಾಖೆಯವರೆಲ್ಲ ವರ್ಗಾವಣೆಗೆ ಕೆಳಗಿನ ಪಟ್ಟಣ ಕೇಳುವಾಗ ಮೇಲಕ್ಕೆ ವರ್ಗಾವಣೆ ಮಾಡಿಸಿಕೊಂಡ ಸರ್ಕಾರಿ ರಸ್ತೆಯ ಏಕೈಕ ನಿವಾಸಿ ಅದು. ಆದರೆ ತಿರುವುಗಳಿರುವುದು ಏಳು. ಏಳರ ನಂತರ ಹುಲ್ಲುಗಾವಲು, ಅದರ ನಂತರ ಬರೀ ಬಂಡೆ, ಅದರ ನಂತರ ಆಕಾಶ. "ಮನೆ ಬಿಸಿಯಾಯ್ತು ಅಂತ ಒಂದೊಂದೇ ಮಹಡಿ ಹತ್ತಿದ್ವು, ಸರಿ. ತಾರಸಿ ಮುಗಿದ ಮೇಲೆ ಎಲ್ಲಿಗೆ ಹೋಗ್ತವೆ?" ಎಂದು ಅತ್ತೆ ಕೇಳುತ್ತಾರೆ. ನನಗೆ ಗೊತ್ತಿರುವುದು ಇಷ್ಟೇ. ಹುಳ ಬಾರದಿದ್ದರೆ ಆ ಹೂವುಗಳು ಬಹುಪಾಲು ಕಾಳು ಕಟ್ಟುವುದಿಲ್ಲ, ಕಾಳಿಲ್ಲದೆ ಅವು ಮುಂದಿನ ತಿರುವಿಗೂ ಹೋಗಲಾರವು. ನೀವು ಗೇಟಿನಲ್ಲಿ ತಡೆದು ನಿಲ್ಲಿಸಿರುವುದು ನನ್ನ ಲಾರಿಯನ್ನು ಮಾತ್ರ ಎಂದು ತಿಳಿದಿದ್ದರೆ ದಯವಿಟ್ಟು ತಿದ್ದಿಕೊಳ್ಳಿ.

ನೀವು ಹೇಳುವ ಒಂದು ಮಾತನ್ನು ಮಾತ್ರ ನಾನು ತಳ್ಳಿಹಾಕುವುದಿಲ್ಲ. ಹಿಮ ಹೋಯಿತೆಂದು ಅಪಾಯ ಹೋಗಲಿಲ್ಲ, ಕಲ್ಲು ಉರುಳುತ್ತದೆ ಎನ್ನುತ್ತೀರಿ. ನಿಜ. ಬಂಡೆಗಳನ್ನು ಅಂಟಿನಂತೆ ಹಿಡಿದಿದ್ದ ಹಿಮಗಡ್ಡೆ ಸಡಿಲವಾಗಿ ಈಗ ಮೊದಲಿಗಿಂತ ಹೆಚ್ಚು ಉರುಳುತ್ತದೆ. ಕಳೆದ ಜುಲೈಯಲ್ಲಿ, ಒಂದು ಬಿಸಿ ಮಧ್ಯಾಹ್ನ, ಎರಡನೇ ತಿರುವಿನಲ್ಲಿ ಎಮ್ಮೆಯಷ್ಟು ದೊಡ್ಡ ಕಲ್ಲು ರಸ್ತೆಯ ನಡುವೆ ಬಂದು ಕೂತಿತು. ಆಗ ನಿಮ್ಮ ಗೇಟು ಹೇಗಿತ್ತು? ಧಾರಾಳವಾಗಿ ತೆರೆದಿತ್ತು! ದಿನಾಂಕ ಸರಿಯಾಗಿತ್ತಲ್ಲ. ಕಲ್ಲನ್ನು ಮೊದಲು ಕಂಡು ಓಡಿ ಹೋಗಿ ಪ್ರವಾಸಿಗರ ಬಸ್ಸು ನಿಲ್ಲಿಸಿದವರು ಗೇಟು ಕಾಯುವವರು, ಅದೂ ಬೇಸರ ಕಳೆಯಲು ಅಡ್ಡಾಡುತ್ತಿದ್ದಾಗ. ಅಂದರೆ ನಿಮ್ಮ ಕ್ಯಾಲೆಂಡರು ಬರಬೇಕಾದವರನ್ನು ತಡೆಯುತ್ತದೆ, ತಡೆಯಬೇಕಾದಾಗ ಬಾಗಿಲು ತೆಗೆದಿಡುತ್ತದೆ. ಒಬ್ಬ ಮನುಷ್ಯನ ಕಾಲು ಮತ್ತು ಕಣ್ಣು ಎರಡೂ ಕೆಲಸವನ್ನು ಸರಿಯಾಗಿ ಮಾಡಿವೆ.

ಈಗ ಇವತ್ತಿನ ಬೆಳಗಿನ ವಿಷಯ. ರಿಜಿಸ್ಟರಿನ ಸುದ್ದಿ ಕೇಳಿದ ದಿನದಿಂದ ಅತ್ತೆಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ. ಇವತ್ತು ಬೆಳಕು ಹರಿಯುವಾಗ ಮಗನ ಬೂಟು ಹಾಕಿಕೊಂಡು ಬಾಗಿಲಲ್ಲಿ ನಿಂತಿದ್ದರು. ಮಂಡಿ ನೋವು, ಐದು ತಿರುವು, ಬೇಡ ಎಂದು ನಾವಿಬ್ಬರೂ ಗೋಗರೆದೆವು.

"ನಾನು ಮಾಡಿದ ಎಡವಟ್ಟು ನಾನೇ ಸರಿಮಾಡ್ಬೇಕು. ಪಕ್ಕಕ್ಕೆ ಸರೀರಿ" ಅಂದರು.

ನಾವಿಬ್ಬರೂ ಜೊತೆಗೆ ಹೋದೆವು. ಗೇಟಿನ ಪಕ್ಕದ ಕಾಲುದಾರಿಯಲ್ಲಿ ನುಸುಳುವಾಗ ಗೇಟು ಕಾಯುವವರೂ ಬೀಗದ ಕೈ ಸೊಂಟಕ್ಕೆ ಸಿಕ್ಕಿಸಿಕೊಂಡು ಹಿಂದೆ ಹೊರಟರು. ಮೂರನೇ ತಿರುವಿನಲ್ಲಿ ಅತ್ತೆ ಒಂದು ಕಲ್ಲಿನ ಮೇಲೆ ಕೂತು, "ಇಲ್ಲೇ ಇತ್ತಲ್ಲ ಮೊದಲು?" ಎಂದು ಬರಿದಾದ ಸಂದಿಯನ್ನು ಬೆರಳಿನಿಂದ ಸವರಿದರು. ಮತ್ತೆ ಎದ್ದರು. ಐದನೇ ತಿರುವಿನಲ್ಲಿ, ಬಂಡೆಯ ನೆರಳಿನಲ್ಲಿ, ಒಂದಲ್ಲ ಎರಡಲ್ಲ, ಒಂಬತ್ತು ಹಳದಿ ಬಟ್ಟಲು ಬಾಯಿ ತೆರೆದು ನಿಂತಿದ್ದವು. ಅತ್ತೆ ಬಗ್ಗಿ ಒಂದೊಂದನ್ನೂ ಮತ್ತೊಮ್ಮೆ ಎಣಿಸಿದರು. ಅವರ ಕಣ್ಣಲ್ಲಿ ನೀರಿತ್ತು, ಬಾಯಲ್ಲಿ ನಗುವಿತ್ತು. ನಾನೂ ಹಾಗೇ ನಿಂತಿದ್ದೆ. ಎಷ್ಟೋ ತಿಂಗಳ ನಂತರ ನನಗೆ ನಿಜವಾಗಿ ಸಂತೋಷವಾಗಿತ್ತು. ಆಮೇಲೆ ಅವರು ಗೇಟು ಕಾಯುವವರ ಕಡೆ ತಿರುಗಿ, ಅವರ ತಂದೆಗೆ ಹೇಳುತ್ತಿದ್ದ ಅದೇ ಎರಡು ಮಾತು ಹೇಳಿದರು. ಆ ಮನುಷ್ಯ ಸೊಂಟದ ಕೀಲಿಯನ್ನೊಮ್ಮೆ ಮುಟ್ಟಿ ನೋಡಿಕೊಂಡು, "ತೆಗೀಬೇಕು ಅಂತ ಆಸೆ ಇದೆ ಜೇನಮ್ಮಾ. ಆದೇಶ ಬೇಕಲ್ಲ" ಎಂದು ತಲೆ ತಗ್ಗಿಸಿದರು. ಅವರನ್ನು ನಾನು ಬೈಯುವುದಿಲ್ಲ. ತಲೆ ತಗ್ಗಿಸಬೇಕಾದವರು ಅವರಲ್ಲ.

ಆದ್ದರಿಂದ ನನ್ನ ಬೇಡಿಕೆಗಳು. ವರ್ಷ ವರ್ಷವೂ ಗೇಟು ಕಾಯುವವರು ಬೆಟ್ಟ ಹತ್ತಿ ನೋಡಲಿ. ಹಿಮ ಇದ್ದರೆ ಮುಚ್ಚಲಿ, ಕಲ್ಲು ಸಡಿಲವಾಗಿದ್ದರೆ ಮುಚ್ಚಲಿ, ಹೂವು ಅರಳಿ ದಾರಿ ಗಟ್ಟಿಯಾಗಿದ್ದರೆ ತೆರೆಯಲಿ. ಅವರಿಗೆ ಈ ಅಧಿಕಾರವನ್ನು ಬರವಣಿಗೆಯಲ್ಲಿ ಕೊಡಿ, ಜೊತೆಗೆ ಒಂದು ಜೊತೆ ಒಳ್ಳೆಯ ಬೂಟನ್ನೂ ಕೊಡಿ. 'ದಿನಾಂಕ' ಎಂಬ ಜಾಗ ಸಣ್ಣದಾಯಿತು ಅನ್ನುವುದಾದರೆ ಗೆರೆಯನ್ನು ಸ್ವಲ್ಪ ಆಚೆ ಎಳೆಯಿರಿ, ಸ್ಕೇಲು ನಾನು ತರುತ್ತೇನೆ. ಈ ವರ್ಷದ ಮಟ್ಟಿಗೆ ನಾಲ್ಕು ದಿನ ಸಮಯವಿದೆ, ಮೇ ಇಪ್ಪತ್ತೇಳಕ್ಕೆ ಹುಲ್ಲುಗಾವಲು ಅರಳುತ್ತದೆ. ನನ್ನ ಮಾತಿನಲ್ಲಿ ಅನುಮಾನವಿದ್ದರೆ ನೀವೇ ಬನ್ನಿ. ಲಾರಿಯಲ್ಲಿ ನನ್ನ ಜಾಗ ಬಿಟ್ಟುಕೊಡುತ್ತೇನೆ, ನೀವು "ನಿಧಾನ, ನಿಧಾನ" ಅನ್ನುತ್ತಿದ್ದರೆ ಸಾಕು. ಆ ಕೆಲಸ ನಿಮ್ಮ ಕಚೇರಿಗೆ ಚೆನ್ನಾಗಿ ಅಭ್ಯಾಸವಿದೆ. ನಿಮ್ಮ ಅಳತೆಯ ಮುಖಪರದೆಯೂ ಸಿದ್ಧವಿದೆ.

ಪುರಾವೆಯಿಲ್ಲದ ನಿಯಮವನ್ನು ತಿದ್ದಲು ಪುರಾವೆ ಬೇಕು ಎಂದು ನೀವು ಕೇಳುತ್ತೀರೆಂಬುದು ಗೊತ್ತಿದ್ದರಿಂದ ಒಂದು ಹೇಳಿಕೆಯನ್ನು ಲಗತ್ತಿಸಿದ್ದೇನೆ. ಇದನ್ನು ಅತ್ತೆ ಬೆಟ್ಟ ಇಳಿದು ಬಂದು, ಕಾಲನ್ನು ಬಿಸಿನೀರಿನ ಬಕೆಟ್ಟಿನಲ್ಲಿ ಇಳಿಬಿಟ್ಟುಕೊಂಡು ಹೇಳಿದರು, ನಾನು ಬರೆದುಕೊಂಡೆ. ನಿಮ್ಮ ಮೊದಲ ಗುಮಾಸ್ತನಂತೆ ಯಾವ ಮಾತನ್ನೂ ಬಿಟ್ಟಿಲ್ಲ.

"ಸಾಹೇಬ್ರೇ, ಜೂನ್ ಹದಿನೈದು ಅಂತ ಹೇಳಿದೋಳು ನಾನೇ. ಆವತ್ತು ನನಗೆ ಹೆರಿಗೆ ನೋವು, ಬಾಯಿಗೆ ಬಂದಿದ್ದು ಹೇಳ್ದೆ. ನೀವು ನಲವತ್ತಾರು ವರ್ಷ ನನ್ನ ಮಾತು ಉಳಿಸ್ಕೊಂಡ್ರಿ, ಸ್ವಂತ ಮಗನೂ ಅಷ್ಟು ಕೇಳಿಲ್ಲ, ತುಂಬಾ ಉಪಕಾರ. ಈಗ ಆ ಮಾತನ್ನ ವಾಪಸ್ ತಗೊಳ್ತಿದೀನಿ. ಇವತ್ತು ನನಗೆ ಯಾವ ನೋವೂ ಇಲ್ಲ, ಮಂಡಿ ಒಂದು ಬಿಟ್ಟು. ನನ್ನ ಕಣ್ಣಾರೆ ನೋಡ್ಕೊಂಡು ಬಂದು ಹೇಳ್ತಿದೀನಿ. ಹೂವು ಅರಳಿದೆ. ಗೇಟು ತೆಗೀರಿ."

ಇಂತಿ,
ನಿಮ್ಮ ನಿಯಮದ ಜೊತೆಗೇ ಹುಟ್ಟಿದವರನ್ನು ಮದುವೆಯಾಗಿ, ಸಂಬಂಧದಲ್ಲಿ ನಿಮ್ಮ ನಿಯಮಕ್ಕೆ ಅತ್ತಿಗೆಯಾಗಬೇಕಾದ,
ಇಪ್ಪತ್ತೊಂಬತ್ತು ಪೆಟ್ಟಿಗೆಗಳ ಜೇನು ಸಾಕುವವಳು
(ಗೇಟಿನ ಈಚೆ ಬದಿಯಿಂದ)